ನಿದ್ದೆ ಮಾಡದ ಯಂತ್ರದ ಬಾಡಿಗೆ

ಫೆಬ್ರುವರಿ 3, ಮಂಗಳವಾರ

ಜನವರಿ ತಿಂಗಳ ಬಿಲ್ ಬಂತು. ನಾನು ಬರೆದುಕೊಟ್ಟಿದ್ದ ಅಂದಾಜಿನ ಮೂರು ಪಟ್ಟು.

ಇವರಿಗೆ ಹೇಳಿದರೆ ಇವರು ಊಟ ಬಿಡುತ್ತಾರೆ. ಅತ್ತೆಗೆ ಹೇಳಿದರೆ ಏನಾದರೊಂದು ಚಟಾಕಿ ಹಾರಿಸುತ್ತಾರೆ. ಇವತ್ತು ನನಗೆ ಎರಡೂ ಬೇಡ. ಅದಕ್ಕೇ ಬರೆಯುತ್ತ ಕೂತಿದ್ದೇನೆ.

ಹಣಕಾಸಿನ ಮೇಡಂ ತಮ್ಮ ಕೋಣೆಗೆ ಕರೆಸಿದ್ದರು. ಅವರು ದನಿ ಎತ್ತುವವರಲ್ಲ. ಎತ್ತಿದ್ದರೆ ವಾಸಿಯಿತ್ತು. ಬಿಲ್ಲನ್ನೂ ನನ್ನ ಅಂದಾಜಿನ ಹಾಳೆಯನ್ನೂ ಪಕ್ಕಪಕ್ಕ ಇಟ್ಟು ಎರಡು ಬೆರಳಿನಿಂದ ನನ್ನ ಕಡೆ ಸರಿಸಿದರು.

"ಇದು ನೀವೇ ಕೊಟ್ಟಿದ್ದು, ಅಲ್ವಾ?"

"ಹೌದು ಮೇಡಂ."

"ನಮ್ಮದು ಲ್ಯಾಬು. ರಕ್ತ ತಗೊಂಡು ಪರೀಕ್ಷೆ ಮಾಡಿ ರಿಪೋರ್ಟ್ ಕೊಡೋರು ನಾವು. ರಿಪೋರ್ಟುಗಳನ್ನ ಒಂದು ಕಡೆ ಕೂಡಿಡೋದಕ್ಕೆ ಇಷ್ಟು ಖರ್ಚು ಯಾಕೆ ಬರುತ್ತೆ? ನನಗೆ ಅರ್ಥ ಆಗೋ ಹಾಗೆ ಹೇಳಿ."

ಹೇಳಿದೆ. ಕೂಡಿಡುವುದಕ್ಕೆ ಹೆಚ್ಚು ಖರ್ಚಿಲ್ಲ, ಕೂಡಿಟ್ಟದ್ದನ್ನು ಕೆದಕಿ ನೋಡುವುದಕ್ಕೇ ಖರ್ಚು. ನಮ್ಮ ಎಲ್ಲ ಶಾಖೆಗಳ ರಿಸಲ್ಟುಗಳು ಹೋಗಿ ಸೇರುವ ಡೇಟಾ ವೇರ್‌ಹೌಸ್ ಇರುವುದು ಕ್ಲೌಡ್‌ನಲ್ಲಿ, ಅಂದರೆ ಬೇರೆಯವರ ಯಂತ್ರಗಳ ಮೇಲೆ, ಬಾಡಿಗೆಗೆ. ಯಾರಾದರೂ ಒಂದು ಪ್ರಶ್ನೆ ಕೇಳಿದರೆ ಯಂತ್ರ ಎಚ್ಚರವಾಗಿ ಹುಡುಕಿಕೊಡುತ್ತದೆ. ಎಚ್ಚರವಿರುವಷ್ಟು ಹೊತ್ತೂ ಮೀಟರ್ ಓಡುತ್ತದೆ. ಮಲಗಿದರೆ ನಿಲ್ಲುತ್ತದೆ. ಜನವರಿಯಲ್ಲಿ ಅದು ಮಲಗೇ ಇಲ್ಲ.

"ಅಂದ್ರೆ, ಬಾಗಿಲಲ್ಲಿ ಟ್ಯಾಕ್ಸಿ ನಿಲ್ಲಿಸ್ಕೊಂಡು ಒಳಗೆ ಹರಟೆ ಹೊಡೀತಾ ಕೂತಿದೀರಿ."

ಸರಿಯಾಗಿಯೇ ಹೇಳಿದ್ದರು.

"ಹೀಗೇ ಆದ್ರೆ ನಿಮ್ಮ ವಿಭಾಗ ಇಟ್ಕೊಳ್ಳೋದಾ, ಕೆಲಸ ಹೊರಗಿನವರಿಗೆ ಕೊಡೋದಾ ಅಂತ ಯೋಚಿಸ್ಬೇಕಾಗುತ್ತೆ. ಖರ್ಚು ಇಳಿಸಿ. ಏನು ಬೇಕಾದ್ರೂ ನಿಲ್ಲಿಸಿ. ಯಾರನ್ನೂ ಕೇಳ್ಬೇಡಿ."

ನಮ್ಮ ಡೇಟಾ ವಿಭಾಗದಲ್ಲಿ ಆರು ಜನ, ಮುಖ್ಯಸ್ಥೆ ನಾನು. ಇವರ ಕನ್ನಡಕದ ಅಂಗಡಿ ಬಾಡಿಗೆ ಕಟ್ಟಿದ ಮೇಲೆ ಏನೂ ಮಿಗುವುದಿಲ್ಲ. ಮನೆ ನಡೆಯುವುದು ನನ್ನ ಸಂಬಳದಲ್ಲಿ.


ಫೆಬ್ರುವರಿ 5, ಗುರುವಾರ

ಎರಡು ದಿನದಿಂದ ಗುಬ್ಬಿಯೂ ನಾನೂ ಖರ್ಚಿನ ಜಾಡು ಹಿಡಿದು ಕೂತಿದ್ದೇವೆ. ಗುಬ್ಬಿಯ ನಿಜವಾದ ಹೆಸರು ಆಫೀಸಿನಲ್ಲಿ ಅರ್ಧ ಜನಕ್ಕೆ ಗೊತ್ತಿಲ್ಲ. ಎರಡು ಮಕ್ಕಳ ತಂದೆ, ಆದರೆ ಬಾಯಿಗೆ ಒಂದು ನಿಮಿಷ ಬಿಡುವಿಲ್ಲ, ಹಾಗಾಗಿ ಆ ಹೆಸರು. ಸೇರಿದ ದಿನದಿಂದ ನನ್ನನ್ನು ಅಕ್ಕಾ ಅಂತಲೇ ಕರೆಯುವುದು.

"ಅಕ್ಕಾ, ಇಲ್ಲಿ ನೋಡಿ. ದೊಡ್ಡ ಶಾಖೆಯ ಹಾಲ್‌ನಲ್ಲಿ ಒಂದು ಟೀವಿ ಹಾಕಿದಾರೆ. ಇವತ್ತೆಷ್ಟು ಸ್ಯಾಂಪಲ್ ಬಂತು ಅಂತ ನಿಮಿಷಕ್ಕೊಂದ್ಸಲ ಗ್ರಾಫ್ ಬದಲಾಗುತ್ತೆ. ಆ ನಿಮಿಷಕ್ಕೊಂದ್ಸಲ ನಮ್ಮ ಯಂತ್ರ ಎದ್ದು ಕೂರುತ್ತೆ."

"ಭಾನುವಾರವೂ ಓಡಿದೆಯಲ್ಲೋ. ಭಾನುವಾರ ಆ ಹಾಲ್‌ಗೆ ಬೀಗ."

"ಕುರ್ಚಿಗಳು ನೋಡ್ತಿರ್ತವೆ ಅಕ್ಕಾ. ಯಾಕೆ, ಅವಕ್ಕೆ ಆಸಕ್ತಿ ಇರಬಾರದಾ?"

ನಕ್ಕೂ ನಕ್ಕೂ ಕಣ್ಣಲ್ಲಿ ನೀರು ಬಂತು. ಹೆದರಿಕೆ ಇದ್ದಾಗ ನಗು ಯಾಕೋ ಜಾಸ್ತಿ ಬರುತ್ತದೆ.

ಇನ್ನೂ ಸಿಕ್ಕಿದವು. ನಿನ್ನೆಯ ಲೆಕ್ಕ ಬೇಕಾದವರು ಎಲ್ಲ ವರ್ಷಗಳ ರಿಸಲ್ಟುಗಳನ್ನೂ ಎಳೆದು ಹಾಕಿ ಅದರಲ್ಲಿ ನಿನ್ನೆಯದನ್ನು ಆರಿಸಿಕೊಳ್ಳುತ್ತಿದ್ದರು. ಕೆಲಸ ಬಿಟ್ಟು ಹೋದ ಹಳೆಯ ಮ್ಯಾನೇಜರ್ ಹೆಸರಿಗೆ ಈಗಲೂ ದಿನಾ ಒಂದು ವರದಿ ತಯಾರಾಗಿ, ಯಾರೂ ತೆರೆಯದ ಇಮೇಲ್‌ಗೆ ಹೋಗಿ ಬೀಳುತ್ತಿತ್ತು. ಟೀವಿ ಬಂದ್ ಮಾಡಿಸಿದೆವು. ಯಾರೂ ಏನೂ ಕೇಳದಿದ್ದರೆ ಒಂದು ನಿಮಿಷದಲ್ಲಿ ಯಂತ್ರ ತಾನೇ ಮಲಗುವ ಹಾಗೆ ಮಾಡಿದೆವು. ಸಂಜೆಯ ಹೊತ್ತಿಗೆ ಮೀಟರಿನ ಗೆರೆ ಬಗ್ಗಿತು.

ಮನೆಗೆ ಬರುವಾಗ ಉಸಿರು ಸ್ವಲ್ಪ ಸಲೀಸಾಗಿ ಬಂತು.


ಫೆಬ್ರುವರಿ 10, ಮಂಗಳವಾರ

ಹೊಸ ಅಂದಾಜು ಕೊಡಬೇಕಂತೆ. ಲೆಕ್ಕ ಕಷ್ಟದ್ದಲ್ಲ. ಎಷ್ಟು ಕೂಡಿಟ್ಟಿದ್ದೇವೆ, ಯಂತ್ರ ಎಷ್ಟು ದೊಡ್ಡದು, ದಿನಕ್ಕೆ ಎಷ್ಟು ಹೊತ್ತು ಎಚ್ಚರವಿರುತ್ತದೆ. ಕಷ್ಟ ಇರುವುದು, ಜನ ನಾಳೆ ಏನು ಕೇಳುತ್ತಾರೋ ಅದನ್ನು ಇವತ್ತು ಊಹಿಸುವುದರಲ್ಲಿ.

"ನೂರು ಅಂತ ಬಂದ್ರೆ ನೂರ ಮೂವತ್ತು ಅಂತ ಬರೀರಿ ಅಕ್ಕಾ," ಎಂದ ಗುಬ್ಬಿ. "ಜ್ವರದ ಕಾಲ ಬರುತ್ತೆ. ಸ್ಯಾಂಪಲ್ ಒಂದಕ್ಕೆರಡು ಆಗ್ತವೆ. ಕೈಯಲ್ಲಿ ಸ್ವಲ್ಪ ಇರ್ಲಿ."

ಹಾಗೆಯೇ ಬರೆದೆ. ಕಳಿಸುವ ಮುಂಚೆ ಮೇಡಂ ಆ ಎರಡು ಬೆರಳಿನಿಂದ ಹಾಳೆ ಸರಿಸುವುದು ಕಣ್ಣ ಮುಂದೆ ಬಂತು. ಮೂವತ್ತನ್ನು ಅಳಿಸಿದೆ. ಆಮೇಲೆ ನೂರನ್ನೂ ಅಳಿಸಿ ತೊಂಬತ್ತು ಮಾಡಿ ಕಳಿಸಿದೆ.




ಫೆಬ್ರುವರಿ 16, ಸೋಮವಾರ

ಮೀಟರ್ ಸ್ವಲ್ಪ ಏರಿದರೂ ಫೋನಿಗೆ ಸಂದೇಶ ಬರುವ ಹಾಗೆ ಮಾಡಿಕೊಂಡಿದ್ದೇನೆ. ಫೋನ್ ಗುರ್ ಎಂದರೆ ಕೈಯಲ್ಲಿದ್ದ ಕೆಲಸ ಬಿಟ್ಟು ಓಡುತ್ತೇನೆ. ಗುರ್ ಎನ್ನದಿದ್ದರೆ ಕೆಟ್ಟಿದೆಯೇನೋ ಅಂತ ತೆಗೆದು ನೋಡುತ್ತೇನೆ.

ಇವತ್ತಿನಿಂದ ಒಂದು ಹೊಸ ಪದ್ಧತಿ. ಹಿಂದಿನ ದಿನ ಯಾರು ಎಷ್ಟು ಖರ್ಚು ಮಾಡಿದರು ಎಂಬ ಪಟ್ಟಿಯನ್ನು ಬೆಳಿಗ್ಗೆ ಎಲ್ಲರಿಗೂ ಕಳಿಸುವುದು. ಹೆಸರು ಸಮೇತ, ಹೆಚ್ಚು ಮಾಡಿದವರು ಮೇಲೆ. ಮೊದಲ ಹೆಸರು ಗುಬ್ಬಿಯದು ಬಂತು. ರಿಸಲ್ಟುಗಳನ್ನು ಒಳಗೆ ತರುವ ಕೆಲಸ ಎಲ್ಲ ಅವನ ಕೈಯಲ್ಲೇ ಇದೆ, ಬರಲೇಬೇಕು. ಅವನು "ಪ್ರಥಮ ಬಹುಮಾನ ನನಗೇ" ಎಂದ. ಯಾರೂ ನಗಲಿಲ್ಲ, ಎಲ್ಲರೂ ಪಟ್ಟಿಯಲ್ಲಿ ತಮ್ಮ ಹೆಸರು ಹುಡುಕುತ್ತಿದ್ದರು.

ಸಂಜೆ ಇವರ ಅಂಗಡಿಗೆ ಹೋದರೆ ಒಬ್ಬ ಗಿರಾಕಿಯೂ ಇಲ್ಲದೆ ಏಸಿ ಓಡುತ್ತಿತ್ತು, ಅಷ್ಟೂ ದೀಪ ಉರಿಯುತ್ತಿತ್ತು. "ಯಾರಿಗೆ ಇದೆಲ್ಲ?" ಎಂದೆ. ಕತ್ತಲಲ್ಲಿ ಕನ್ನಡಕ ಯಾರು ಕೊಳ್ಳುತ್ತಾರೆ ಎಂದರು ಇವರು. ನಾನೇ ಹೋಗಿ ಅರ್ಧ ಆರಿಸಿದೆ. ಅತ್ತೆ ಕೇಳಿ, "ಇನ್ನು ಮೇಲೆ ನಾವು ಉಸಿರಾಡೋದಕ್ಕೂ ಚೀಟಿ ಬರೆದು ಕೊಡ್ಬೇಕು," ಎಂದರು. ಅತ್ತೆಯ ತಮಾಷೆ ಎಂದಿನಂತೆ.


ಫೆಬ್ರುವರಿ 24, ಮಂಗಳವಾರ

ದೊಡ್ಡ ಕ್ವೆರಿ, ಅಂದರೆ ಯಂತ್ರಕ್ಕೆ ಹಾಕುವ ದೊಡ್ಡ ಪ್ರಶ್ನೆ, ಓಡಿಸಬೇಕಾದರೆ ನನ್ನ ಒಪ್ಪಿಗೆ ಬೇಕು ಎಂದು ನಿಯಮ ಮಾಡಿದೆ. ಎರಡು ವಾರದ ಹಿಂದೆ ಮೇಜಿನ ಸುತ್ತ ಕೂತು ಕಿತ್ತಾಡುತ್ತಿದ್ದವರು ಈಗ ಒಬ್ಬೊಬ್ಬರೇ ಬಂದು ಕೇಳಿಕೊಂಡು ಹೋಗುತ್ತಾರೆ. ಶಿಸ್ತು ಬಂದಿದೆ.

ಚಹಾಕ್ಕೆ ಇವತ್ತೂ ಗುಬ್ಬಿ ಬರಲಿಲ್ಲ. ಕೆಲಸ ಜಾಸ್ತಿ ಇರಬೇಕು. ಒಬ್ಬಳೇ ಕುಡಿದೆ. ಬೇಗ ಮುಗಿಯಿತು, ಅದೂ ಒಳ್ಳೆಯದೇ.


ಮಾರ್ಚ್ 2, ಸೋಮವಾರ

ಫೆಬ್ರುವರಿಯ ಬಿಲ್ ಅರ್ಧಕ್ಕೆ ಇಳಿದಿದೆ.

ಮೇಡಂ ಮೀಟಿಂಗಿನಲ್ಲಿ ಎಲ್ಲರ ಎದುರು ಹೇಳಿದರು. ನನಗೆ ಕುಣಿಯುವಷ್ಟು ಸಂತೋಷವಾಗಬೇಕಿತ್ತು. ಅಷ್ಟರಲ್ಲಿ, "ಒಂದೇ ತಿಂಗಳಲ್ಲಿ ಇಷ್ಟು ಇಳಿಯುತ್ತೆ ಅಂದ್ರೆ ಇನ್ನೂ ಇಳಿಯೋದಕ್ಕೆ ಜಾಗ ಇದೆ ಅಂತಾಯ್ತು. ಮಾರ್ಚಿಗೆ ಇದರಲ್ಲಿ ಕಾಲು ಭಾಗ ಕಡಿಮೆ ನೋಡ್ತೀನಿ," ಎಂದರು. ಇಳಿಸಿದ್ದೇ ತಪ್ಪಾಯಿತೇನೋ.

ಹೊರಗೆ ಬರುವಾಗ ಗುಬ್ಬಿ ನನಗೆ ಬಾಗಿಲು ಹಿಡಿದು, "ಬನ್ನಿ ಮೇಡಂ," ಎಂದ. ಹಣಕಾಸಿನ ಮೇಡಂ ಹಿಂದೆಯೇ ಇದ್ದರಲ್ಲ, ಅವರಿಗೆ ಹೇಳಿದ್ದಿರಬೇಕು.


ಮಾರ್ಚ್ 4, ಬುಧವಾರ

ಕಾಲು ಭಾಗ ಎಲ್ಲಿಂದ ತರಲಿ. ಪಟ್ಟಿಯನ್ನು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ನೋಡಿದೆ. ದೊಡ್ಡ ಯಂತ್ರದಲ್ಲಿ ಕಡಿಯುವುದನ್ನೆಲ್ಲ ಕಡಿದಾಗಿದೆ. ಗುಬ್ಬಿಯ ಹೆಸರಿನಲ್ಲಿ ಒಂದು ಸಣ್ಣ ಯಂತ್ರ ಬೇರೆಯೇ ಇದೆ. ಸಣ್ಣದೇ, ಆದರೆ ಹಗಲೂ ರಾತ್ರಿಯೂ ಎಚ್ಚರ. ತಿಂಗಳಿಗೆ ಲೆಕ್ಕ ಹಾಕಿದರೆ ಸಣ್ಣ ಮೊತ್ತವೇನಲ್ಲ.

ಕರೆಸಿದೆ.

"ಇದು ಯಾಕೆ ಮಲಗಲ್ಲ?"

"ಅದು ತುರ್ತು ರಿಸಲ್ಟಿನದು. ಅಪಾಯದ ರಿಸಲ್ಟ್ ಏನಾದ್ರೂ ಬಂದ್ರೆ ರೋಗಿಯ ಡಾಕ್ಟರಿಗೆ ಕೂಡಲೇ ಮೆಸೇಜ್ ಹೋಗ್ಬೇಕಲ್ಲ, ಅದನ್ನ ಹಳೇ ಮ್ಯಾನೇಜರ್ ಬೇಕು ಅಂತಲೇ ಬೇರೆ..."

"ದಿನಕ್ಕೆ ಎಷ್ಟು ಮೆಸೇಜ್ ಹೋಗುತ್ತೆ?"

"ಎರಡೋ ಮೂರೋ. ಒಂದೊಂದು ದಿನ ಒಂದೂ ಇಲ್ಲ. ಆದ್ರೆ..."

"ಕಾರಣ ಬೇಡ. ನಿಮ್ಮ ಲೆಕ್ಕದಲ್ಲಿ ಎಷ್ಟು ಇಳಿಸ್ತೀರಿ, ಅದು ಹೇಳಿ."

"ನೋಡ್ತೀನಿ," ಎಂದು ಹೋದ.

ನಾನು ಕೂಗಾಡಲಿಲ್ಲ. ಮೆತ್ತಗೆಯೇ ಹೇಳಿದೆ. ಇಂಥ ಹೊತ್ತಿನಲ್ಲಿ ಮೆತ್ತಗೆ ಮಾತಾಡುವುದು ನನಗೆ ಈಗ ಬರುತ್ತದೆ.


ಮಾರ್ಚ್ 10, ಮಂಗಳವಾರ

ಗುಬ್ಬಿಯ ಲೆಕ್ಕ ಎದ್ದು ಕಾಣುವಷ್ಟು ಇಳಿದಿದೆ. ಮನಸ್ಸು ಮಾಡಿದರೆ ಆಗುತ್ತದೆ ಎಂದಾಯಿತು. ಹೇಗೆ ಎಂದು ಕೇಳಲು ಹೊತ್ತಿರಲಿಲ್ಲ.

ಇವತ್ತು ತಿಂಗಳಿಗೊಂದು ಲಿಮಿಟ್ ಇಟ್ಟೆ. ಖರ್ಚು ಅಲ್ಲಿಗೆ ಮುಟ್ಟಿದರೆ ಏನಾಗಬೇಕು ಎಂದು ಪರದೆ ಕೇಳುತ್ತದೆ: ಬರೀ ಎಚ್ಚರಿಕೆ ಕೊಡುವುದೇ, ನಡೆಯುತ್ತಿರುವುದನ್ನು ಮುಗಿಸಿ ನಿಲ್ಲುವುದೇ, ಇದ್ದಹಾಗೇ ತಟಕ್ಕನೆ ನಿಲ್ಲುವುದೇ. ತಟಕ್ಕನೆ ನಿಲ್ಲುವುದನ್ನೇ ಆರಿಸಿದೆ. ಎಚ್ಚರಿಕೆ ನೋಡಿಯೂ ಮುಂದುವರಿಸುವವರಿರುತ್ತಾರೆ.

"ಯಾರಿಗಾದ್ರೂ ಏನಾದ್ರೂ ತೊಂದರೆ ಇದೆಯಾ?" ಎಂದು ಎಲ್ಲರನ್ನೂ ಕೇಳಿದೆ. ಯಾರೂ ಮಾತಾಡಲಿಲ್ಲ. ಗುಬ್ಬಿ ಪೆನ್ನಿನ ಮುಚ್ಚಳ ತೆಗೆಯುತ್ತ ಹಾಕುತ್ತ ಕೂತಿದ್ದ. ಎಲ್ಲರೂ ಒಪ್ಪಿದ ಹಾಗಾಯಿತು.


ಮಾರ್ಚ್ 17, ಮಂಗಳವಾರ

ಬಾಗಿಲು ತೆಗೆದು ಒಳಗೆ ಬಂದರೆ ತಾಯಿ ಮಗನ ಮಾತು ತಟ್ಟನೆ ನಿಂತಿತು. ಅತ್ತೆ ಏನೋ ಒಂದು ಪೊಟ್ಟಣವನ್ನು ದಿಂಬಿನಡಿ ತಳ್ಳಿದರು. "ಏನದು?" ಎಂದೆ. "ಏನಿಲ್ಲಮ್ಮ," ಎಂದರು. ನನಗೆ ಸುಸ್ತಾಗಿತ್ತು, ಬಿಟ್ಟೆ.


ಮಾರ್ಚ್ 21, ಶನಿವಾರ

ಜ್ವರದ ಕಾಲ ಶುರುವಾಗಿದೆ. ಶಾಖೆಗಳಲ್ಲಿ ಜನ ಸಾಲುಗಟ್ಟಿ ನಿಂತಿದ್ದಾರಂತೆ. ನನ್ನ ಲಿಮಿಟ್ಟಿಗೂ ಓಡುತ್ತಿರುವ ಮೀಟರಿಗೂ ನಡುವೆ ಉಳಿದಿರುವ ಜಾಗ ತಿಂಗಳ ಕೊನೆಯವರೆಗೆ ಸಾಲದು. ಮೇಡಂ ಹತ್ತಿರ ಹೋಗಿ ಹೆಚ್ಚಿಗೆ ಕೇಳಬೇಕು. ಕೇಳಲಾರೆ. ಅವರ ಕೋಣೆಯ ತನಕ ಹೋಗಿ ನೀರು ಕುಡಿದು ವಾಪಸ್ ಬಂದೆ.


ಮಾರ್ಚ್ 26, ಗುರುವಾರ

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಬೆಳಿಗ್ಗೆ ಕೆಲಸ ಶುರುವಾಗಿ ಸ್ವಲ್ಪ ಹೊತ್ತಿಗೆ ಲಿಮಿಟ್ ಮುಟ್ಟಿತು. ಎಲ್ಲ ನಿಂತಿತು. ಶಾಖೆಗಳಿಂದ ದಿನದ ಲೆಕ್ಕ ತೋರಿಸುವ ಡ್ಯಾಶ್‌ಬೋರ್ಡ್ ಬರುತ್ತಿಲ್ಲ ಅಂತ ಫೋನುಗಳು ಬಂದವು. ತಿಂಗಳು ಮುಗಿಯಲಿ ಎಂದೆ. ನಿಜ ಹೇಳಬೇಕೆಂದರೆ ಎಷ್ಟೋ ದಿನದ ಮೇಲೆ ಹೆಗಲು ಹಗುರಾಗಿತ್ತು. ಇನ್ನು ಅದು ಏರುವಂತಿಲ್ಲ. ಮೇಡಂಗೆ ತಿಳಿಸಿದೆ. "ಒಳ್ಳೇದು," ಎಂದು ಒಂದು ಪದದ ಉತ್ತರ ಬಂತು. ಅದನ್ನು ಎರಡು ಮೂರು ಸಲ ಓದಿಕೊಂಡೆ.

ಮಧ್ಯಾಹ್ನ ಪೆಥಾಲಜಿ ಡಾಕ್ಟರು ತಾವೇ ಇಳಿದು ಬಂದರು. ಅವರು ನಮ್ಮ ಮಹಡಿಗೆ ಬರುವವರಲ್ಲ. ಕೈಯಲ್ಲಿ ಒಂದು ಹಾಳೆ.

"ಈ ರಿಸಲ್ಟ್ ಬೆಳಿಗ್ಗೆ ಆಗಿದೆ. ನಾನು ಬೇರೆ ಏನೋ ಹುಡುಕ್ತಾ ಈಗ ನೋಡಿದೆ. ಇವರ ಡಾಕ್ಟರಿಗೆ ಮೆಸೇಜ್ ಹೋಯ್ತಾ?"

ಗುಬ್ಬಿ ಎದ್ದು ನಿಂತ.

"ಹೋಗಿಲ್ಲ ಸರ್."

"ಪೊಟ್ಯಾಸಿಯಂ ನೋಡ್ರಿ ಎಷ್ಟಿದೆ. ಇಷ್ಟಿದ್ರೆ ಹೃದಯ ಯಾವ ಗಳಿಗೆಯಲ್ಲಾದ್ರೂ ನಿಲ್ಲಬಹುದು. ಯಾಕೆ ಹೋಗಿಲ್ಲ?"

ತನ್ನ ಲೆಕ್ಕ ಇಳಿಸಲು ಗುಬ್ಬಿ ಆ ಸಣ್ಣ ಯಂತ್ರವನ್ನು ಮುಚ್ಚಿ, ತುರ್ತು ಮೆಸೇಜಿನ ಕೆಲಸವನ್ನು ದೊಡ್ಡ ಯಂತ್ರಕ್ಕೆ ಹಾಕಿದ್ದ. ದೊಡ್ಡ ಯಂತ್ರ ನನ್ನ ಲಿಮಿಟ್ಟಿಗೆ ಸಿಕ್ಕಿ ನಿಂತಿತ್ತು. ಅದರ ಜೊತೆ ಇದೂ ನಿಂತಿತ್ತು.

ಗುಬ್ಬಿ ಕೀಬೋರ್ಡಿನ ಮೇಲೆ ಕೈಯಿಟ್ಟುಕೊಂಡು ನನ್ನ ಕಡೆ ತಿರುಗಿ, "ಲಿಮಿಟ್ ತೆಗೀಬಹುದಾ ಮೇಡಂ?" ಎಂದ. ಅಂಥ ಹೊತ್ತಿನಲ್ಲೂ ಕೇಳಿದ. ಯಾಕೆ ಕೇಳಿದನೋ. "ತೆಗಿ," ಎಂದೆ.

ಹಾಳೆಯಲ್ಲಿದ್ದ ರೋಗಿಯ ನಂಬರಿಗೆ ಫೋನ್ ಮಾಡಿದೆ. ಎತ್ತಲಿಲ್ಲ. ಮತ್ತೆ ಮಾಡಿದೆ. ರಕ್ತ ತೆಗೆದ ಶಾಖೆಗೆ ಮಾಡಿದರೆ ಅಲ್ಲಿನ ಹುಡುಗಿಗೆ ಆತ ನೆನಪಿದ್ದರು. "ಹೌದು ಮೇಡಂ, ಬೆಳಗಾಗ್ತಿದ್ದ ಹಾಗೇ ಬಂದಿದ್ರು. ಕಾಲಲ್ಲಿ ಶಕ್ತಿ ಇಲ್ಲ ಅಂತಿದ್ರು. ಬೇಗ ತೆಗೀರಿ, ಡ್ಯೂಟಿಗೆ ಹೋಗ್ಬೇಕು ಅಂದ್ರು."

"ಏನು ಡ್ಯೂಟಿ?"

"ಬಸ್ ಡ್ರೈವರಂತೆ."



ಡಿಪೋದ ನಂಬರ್ ಹುಡುಕಿದ್ದು ಗುಬ್ಬಿ. ಎತ್ತಿದವನು ನಿಧಾನದ ಮನುಷ್ಯ. "ಅವರು ಗಾಡಿ ಮೇಲಿದಾರೆ. ಓಡಿಸ್ತಿರೋವಾಗ ಫೋನ್ ಮುಟ್ಟೋ ಹಾಗಿಲ್ಲ ನಮ್ಮಲ್ಲಿ," ಎಂದ. ನಾನು ಏನು ಹೇಳಿದೆನೋ ಗೊತ್ತಿಲ್ಲ, ಅವನ ನಿಧಾನ ಹೋಯಿತು. ಕಂಡಕ್ಟರನ ನಂಬರ್ ಕೊಟ್ಟ.

ಕಂಡಕ್ಟರ್ ಎತ್ತಿದ. ಡಾಕ್ಟರು ಫೋನನ್ನು ಸ್ಪೀಕರಿಗೆ ಹಾಕಿ ಮೇಜಿನ ಮೇಲಿಟ್ಟರು. ಬಸ್ಸಿನೊಳಗಿನ ಸದ್ದೆಲ್ಲ ನಮ್ಮ ಕೋಣೆಗೆ ಬಂತು. ಇಂಜಿನ್, ಒಂದು ಮಗುವಿನ ಅಳು, ಯಾರೋ ಚಿಲ್ಲರೆ ಕೇಳುವುದು.

"ನಾನು ಡಾಕ್ಟರ್ ಮಾತಾಡ್ತಿರೋದು. ಸರಿಯಾಗಿ ಕೇಳಿ. ನಿಮ್ಮ ಡ್ರೈವರಿಗೆ ಗಾಬರಿ ಮಾಡ್ಬೇಡಿ. ಗಾಡಿ ಈಗ ಎಲ್ಲಿದೆ?"

"ಸೇತುವೆ ಹತ್ತಿದೀವಿ ಸಾರ್."

"ಜನ ಎಷ್ಟಿದಾರೆ?"

"ನಿಲ್ಲೋದಕ್ಕೂ ಜಾಗ ಇಲ್ಲ."

"ಸೇತುವೆ ಇಳಿದ ತಕ್ಷಣ ಒಂದು ಬದಿಗೆ ನಿಲ್ಲಿಸೋಕೆ ಹೇಳಿ. ಚಕ್ರದಲ್ಲಿ ಏನೋ ಶಬ್ದ ಬರ್ತಿದೆ ಅನ್ನಿ. ನಿಂತ ಮೇಲೆ ಕೀ ನೀವು ತಗೊಳ್ಳಿ. ಅವರನ್ನ ಮಲಗಿಸಿ. ಆಂಬುಲೆನ್ಸ್ ನಾವು ಕಳಿಸ್ತೀವಿ."

ಆ ಸೇತುವೆ ಅಷ್ಟು ಉದ್ದ ಅಂತ ನನಗೆ ಗೊತ್ತಿರಲಿಲ್ಲ. ದಿನಾ ನಾನೂ ಅದರ ಮೇಲೆಯೇ ಬರುತ್ತೇನೆ. ಇಂಜಿನ್ನಿನ ದನಿ ಒಂದು ಸಲ ಕುಗ್ಗಿತು. ಮತ್ತೆ ಏರಿತು. ಮಗು ಅಳುತ್ತಲೇ ಇತ್ತು. ಅದು ಅಳುವುದು ಕೇಳಿಸುತ್ತಿರುವವರೆಗೆ ಬಸ್ಸು ರಸ್ತೆಯ ಮೇಲೆಯೇ ಇದೆ ಎಂದುಕೊಂಡು ಆ ಅಳುವಿಗೇ ಜೋತುಬಿದ್ದೆ. ನೀರಿನಲ್ಲಿ ಬಿದ್ದವರು ಸಿಕ್ಕಿದ್ದನ್ನು ಹಿಡಿದುಕೊಳ್ಳುತ್ತಾರಲ್ಲ, ಹಾಗೆ.

ಬ್ರೇಕಿನ ಸದ್ದು ಬಂತು. ಗಲಾಟೆ. ಆಮೇಲೆ ಕಂಡಕ್ಟರ್ ಏದುಸಿರು ಬಿಡುತ್ತ, "ನಿಂತಿದೆ ಸಾರ್. ಕೀ ನನ್ನ ಹತ್ರ ಇದೆ. ಅವನಿಗೆ ಎದ್ದೇಳೋಕೆ ಆಗ್ತಿಲ್ಲ, ಕಾಲು ಬರ್ತಿಲ್ಲ ಅಂತಿದಾನೆ," ಎಂದ.

ಬೆಳಿಗ್ಗೆಯಿಂದ ತಡೆದು ನಿಂತಿದ್ದ ಮೆಸೇಜುಗಳು ಇನ್ನೆರಡು ಇದ್ದವು. ಒಬ್ಬರು ಆಗಲೇ ಆಸ್ಪತ್ರೆಯಲ್ಲಿದ್ದವರು. ಇನ್ನೊಬ್ಬರ ಡಾಕ್ಟರು ಶಾಖೆಗೆ ಫೋನ್ ಮಾಡಿ ತಿಳಿದುಕೊಂಡಿದ್ದರು. ಅಷ್ಟು ಗೊತ್ತಾದ ಮೇಲೆ ನಾನು ಬಚ್ಚಲಿಗೆ ಹೋಗಿ ವಾಂತಿ ಮಾಡಿಕೊಂಡೆ.

ಡ್ರೈವರ್ ಏನಾದರು ಎಂದು ಇನ್ನೂ ತಿಳಿದಿಲ್ಲ. ಫೋನ್ ಪಕ್ಕದಲ್ಲೇ ಇಟ್ಟುಕೊಂಡಿದ್ದೇನೆ.


ಮಾರ್ಚ್ 27, ಶುಕ್ರವಾರ

ಬದುಕಿದ್ದಾರೆ.

ಡಾಕ್ಟರು ಆಸ್ಪತ್ರೆಗೆ ಹೋಗಿ ನೋಡಿ ಬಂದರು. ಮೂತ್ರಪಿಂಡ ಕೆಟ್ಟಿರುವುದು ಆತನಿಗೇ ಗೊತ್ತಿರಲಿಲ್ಲವಂತೆ. ಡಯಾಲಿಸಿಸ್ ಮಾಡಿದ್ದಾರೆ, ಅಪಾಯ ದಾಟಿದೆ. "ಎರಡು ದಿನದಿಂದ ಸ್ಟೇರಿಂಗ್ ಭಾರ ಆಗ್ತಿತ್ತು. ಗಾಡೀದೇ ತೊಂದರೆ ಅನ್ಕೊಂಡು ಡಿಪೋದಲ್ಲಿ ಕಂಪ್ಲೇಂಟ್ ಕೊಡೋಣ ಅಂತಿದ್ದೆ," ಎಂದರಂತೆ.

ಗುಬ್ಬಿಯನ್ನು ಕೂರಿಸಿಕೊಂಡು ಕೇಳಿದೆ.

"ಅದನ್ನ ದೊಡ್ಡ ಯಂತ್ರಕ್ಕೆ ಹಾಕಿದೀನಿ ಅಂತ ಯಾಕೆ ಹೇಳ್ಲಿಲ್ಲ? ಲಿಮಿಟ್ ಇಡೋ ದಿನವಾದ್ರೂ ಹೇಳ್ಬಹುದಿತ್ತು."

"ಹೇಳ್ಬೇಕು ಅಂತ ಎರಡು ಸಲ ನಿಮ್ಮ ಟೇಬಲ್ ತನಕ ಬಂದೆ."

"ಮತ್ತೆ?"

"ಭಯ ಆಯ್ತು."

"ಅವರು ಹಾಗೇನೇ. ನನಗೂ ಮೇಡಂ ಅಂದ್ರೆ..."

"ಅವರದಲ್ಲ," ಎಂದ. "ನಿಮ್ಮದು."

ನನ್ನನ್ನು ಕಂಡು ಭಯವೇ? ನಾನೇ ಎರಡು ತಿಂಗಳಿನಿಂದ ಹೆದರಿ ಸಾಯುತ್ತಿರುವವಳು. ಹೆದರಿದವಳನ್ನು ಕಂಡು ಇನ್ನೊಬ್ಬರು ಹೆದರುವುದು ಹೇಗೆ? ಅವನು ತಪ್ಪಿಸಿಕೊಳ್ಳಲು ಹೇಳಿದನೋ ಏನೋ. ಹಾಗೆ ಹೇಳುವವನಲ್ಲ ಅವನು.


ಮಾರ್ಚ್ 28, ಶನಿವಾರ

ಅಂಗಡಿಯಲ್ಲಿ ಇವರು ಒಂದು ಗಾಜು ಒರೆಸುತ್ತಿದ್ದರು. "ನನ್ನ ಕಂಡ್ರೆ ನಿಮಗೆ ಭಯ ಆಗುತ್ತಾ?" ಎಂದು ಕೇಳಿಯೇಬಿಟ್ಟೆ. ಒರೆಸಿ ಆಗಿದ್ದ ಗಾಜನ್ನೇ ಮತ್ತೆ ಒರೆಸಿದರು.

"ಭಯ ಅಂತಲ್ಲ. ಈಚೆಗೆ ನೀನು ಒಳಗೆ ಬಂದಾಗ, ನಾನೇನು ತಪ್ಪು ಮಾಡಿದೀನಿ ಅಂತ ಒಂದ್ಸಲ ಸುತ್ತ ನೋಡ್ಕೋತೀನಿ. ಅಷ್ಟೇ."

ಮನೆಯಲ್ಲಿ ಅತ್ತೆ ಏನನ್ನೂ ಕೇಳದೆ ದಿಂಬಿನಡಿಯಿಂದ ಪೊಟ್ಟಣ ತೆಗೆದು ತೋರಿಸಿದರು. ಒಂದು ಜೊತೆ ಚಪ್ಪಲಿ. ಹಳೆಯವು ಸವೆದು ಹೋಗಿದ್ದವಂತೆ. "ವಾಪಸ್ ತಗೋತಾರಂತೆ, ಬೇಡಾಂದ್ರೆ ಕೊಟ್ಬಿಡ್ತೀನಿ," ಎಂದರು. ತಮಾಷೆ ಮಾಡಲಿಲ್ಲ.

ನಾನೇ ಹಾಕಿ ನೋಡಿದೆ, ಅವರ ಕಾಲಿಗೆ. ಸರಿಯಾಗಿದ್ದವು.


ಮಾರ್ಚ್ 30, ಸೋಮವಾರ

ನಿನ್ನೆಯೆಲ್ಲ ಹೊಸ ಅಂದಾಜು ಮಾಡುತ್ತ ಕೂತಿದ್ದೆ. ಯಾವ ಕಾರಣಕ್ಕೂ ನಿಲ್ಲಬಾರದ್ದು ಒಂದು ಕಡೆ, ಅದಕ್ಕೆ ಅದರದೇ ಯಂತ್ರ, ಲಿಮಿಟ್ ಇಲ್ಲ. ಕಾಯಬಹುದಾದದ್ದು ಇನ್ನೊಂದು ಕಡೆ. ಅದಕ್ಕೆ ಲಿಮಿಟ್ ಇದೆ, ಆದರೆ ಮೊದಲು ಎಚ್ಚರಿಕೆ ಬರುತ್ತದೆ. ಎಲ್ಲ ಕೂಡಿಸಿ, ಗುಬ್ಬಿ ಹೇಳಿದ್ದ ಮೂವತ್ತನ್ನೂ ಸೇರಿಸಿದೆ.

ಮೇಡಂ ಕೋಣೆಯಲ್ಲಿ ಪೆಥಾಲಜಿ ಡಾಕ್ಟರೂ ಇದ್ದರು. ಯಾರು ಯಾವಾಗ ಏನು ಬದಲಾಯಿಸಿದರು ಎಂಬುದು ಪರದೆಯಲ್ಲೇ ಇತ್ತು. ಗುಬ್ಬಿಯ ಹೆಸರು.

"ಇವರಿಂದ ತಾನೇ ಆಗಿದ್ದು?" ಎಂದರು ಮೇಡಂ.

ಹೌದು ಎಂದು ತಲೆಯಾಡಿಸಿದ್ದರೆ ಮುಗಿಯುತ್ತಿತ್ತು. ಆಡಿಸಬೇಕು ಅಂತ ಒಂದು ಗಳಿಗೆ ಅನಿಸಿತು, ಅದನ್ನು ಇಲ್ಲಿ ಬರೆಯದೆ ಇರಲಾರೆ.

"ಅವರು ಅದು ಯಾಕೆ ಬೇಕು ಅಂತ ಹೇಳೋದಕ್ಕೆ ಬಂದಿದ್ರು ಮೇಡಂ. ಕಾರಣ ಬೇಡ, ಎಷ್ಟು ಇಳಿಸ್ತೀರಿ ಹೇಳಿ ಅಂದಿದ್ದು ನಾನು. ತಟಕ್ಕನೆ ನಿಲ್ಲೋ ಹಾಗೆ ಲಿಮಿಟ್ ಇಟ್ಟಿದ್ದೂ ನಾನು."

ಮೇಡಂ ನನ್ನ ಹೊಸ ಹಾಳೆ ಓದಿದರು.

"ಇದು ನೀವು ಹಿಂದೆ ಕೊಟ್ಟಿದ್ದಕ್ಕಿಂತ ತುಂಬಾ ಜಾಸ್ತಿ ಇದೆ."

"ಹಿಂದಿನದು ಹೆದರಿಕೊಂಡು ಬರೆದಿದ್ದು ಮೇಡಂ."

"ಈಗ ಹೆದರಿಕೆ ಇಲ್ವಾ?"

"ಇದೆ."

ಡಾಕ್ಟರು ಕಿಟಕಿಯ ಕಡೆ ನೋಡುತ್ತ, "ತುರ್ತಿನದನ್ನ ಮುಟ್ಟಬೇಕಾದ್ರೆ ಇನ್ನು ಮೇಲೆ ನನ್ನ ಸಹಿ ಬೇಕು," ಎಂದರು. ಮೇಡಂ ಹಾಳೆಯನ್ನು ಇನ್ನೊಂದು ಸಲ ಓದಿದರು. ಕೊನೆಗೆ ಮೂರು ತಿಂಗಳ ಮಟ್ಟಿಗೆ ಒಪ್ಪಿದರು. ಯಾರನ್ನೂ ಕೇಳದೆ ನಿಲ್ಲಿಸಲು ನನಗೆ ಕೊಟ್ಟಿದ್ದ ಅಧಿಕಾರ ವಾಪಸ್ಸು. ಈ ವರ್ಷ ಸಂಬಳ ಏರುವುದಿಲ್ಲ. ನನ್ನ ಫೈಲಿಗೆ ಒಂದು ಎಚ್ಚರಿಕೆಯ ಪತ್ರ ಹೋಗುತ್ತದೆ. ಗುಬ್ಬಿಯ ಫೈಲಿಗೆ ಏನೂ ಹೋಗುವುದಿಲ್ಲ. ವಿಭಾಗ ಸದ್ಯಕ್ಕೆ ಇರುತ್ತದೆ. ಸದ್ಯಕ್ಕೆ ಎನ್ನುವುದನ್ನು ಒತ್ತಿ ಹೇಳಿದರು.

ಬೆಳಗಿನ ಪಟ್ಟಿಯಿಂದ ಹೆಸರುಗಳನ್ನು ತೆಗೆದುಹಾಕಿದೆ.


ಏಪ್ರಿಲ್ 8, ಬುಧವಾರ

ಇಷ್ಟು ದಿನ ಬರೆಯುವಂಥದ್ದೇನೂ ಇರಲಿಲ್ಲ. ಫೋನ್ ಗುರ್ ಎಂದರೆ ಈಗಲೂ ಕೈಯಲ್ಲಿದ್ದ ಕೆಲಸ ಬಿಟ್ಟು ಓಡುತ್ತೇನೆ. ಅದು ಹೋಗುವ ಹಾಗೆ ಕಾಣುವುದಿಲ್ಲ.

ಇವತ್ತು ಊಟದ ಹೊತ್ತು ಕಳೆದ ಮೇಲೆ ಗುಬ್ಬಿ ಬಂದು ಬಾಗಿಲಲ್ಲೇ ನಿಂತ.

"ಒಂದು ಎಡವಟ್ಟಾಗಿದೆ."

"ಏನು?"

"ಒಂದು ಕ್ವೆರಿಗೆ ತಾರೀಖು ಹಾಕೋದು ಮರೆತೆ. ಎಲ್ಲ ವರ್ಷದ್ದೂ ಎಳೆದುಬಿಟ್ಟಿದೆ. ದೊಡ್ಡ ಯಂತ್ರದಲ್ಲಿ. ಶುರು ಮಾಡಿ ಊಟಕ್ಕೆ ಹೋಗಿದ್ದೆ, ಬಂದು ನೋಡಿದ್ರೆ ಇನ್ನೂ ಓಡ್ತಿತ್ತು. ನಿಲ್ಲಿಸಿದೀನಿ. ಆದ್ರೆ ತಿಂಗಳಿಗೆ ಇಟ್ಟಿದ್ದರಲ್ಲಿ ಒಳ್ಳೇ ಪಾಲು ಹೋಯ್ತು. ಇನ್ನೂ ಯಾರೂ ನೋಡಿಲ್ಲ. ನಾನೇ ಹೇಳೋಣ ಅಂತ ಬಂದೆ."

ಮೇಡಂ, ಮೂರು ತಿಂಗಳು, ಸದ್ಯಕ್ಕೆ ಎಂಬ ಆ ಮಾತು, ಎಲ್ಲ ಒಟ್ಟಿಗೆ ತಲೆಗೆ ನುಗ್ಗಿದವು. ಅವನಿಗೆ ಹೇಳಬೇಕಾದ ಮಾತು ಮೆತ್ತಗೆ, ಅಚ್ಚುಕಟ್ಟಾಗಿ ನಾಲಿಗೆಯ ತುದಿಗೆ ಬಂದು ನಿಂತಿತ್ತು. ಅವನ ಕೈ ಇನ್ನೂ ಬಾಗಿಲ ಹಿಡಿಯ ಮೇಲೇ ಇತ್ತು.

"ಬಾ, ಕೂತ್ಕೋ," ಎಂದೆ. "ಮೊದಲಿಂದ ಹೇಳು."

ಕುರ್ಚಿ ಎಳೆದುಕೊಂಡು ಕೂತ. ಮೊದಲಿಂದ ಎಂದರೆ ನಿಜವಾಗಿಯೂ ಮೊದಲಿಂದಲೇ, ಬೆಳಿಗ್ಗೆ ಮಗಳು ಬೂಟು ಹಾಕಿಕೊಳ್ಳುವುದಿಲ್ಲ ಅಂತ ಹಟ ಹಿಡಿದದ್ದರಿಂದ ಶುರು ಮಾಡಿದ. ಕ್ವೆರಿಯ ತನಕ ಬರುವಷ್ಟರಲ್ಲಿ ಚಹಾದ ಹೊತ್ತಾಗಿತ್ತು.